ಕಾಶೀಂಬಿ ನೋಡದ ಕೊನೆಯ ರೀಲು

ಗಜೇಂದ್ರಗಡದಲ್ಲಿ ಕೌದಿ ಹೊಲಿಸಬೇಕೆಂದರೆ ಜನ ಕಾಶೀಂಬಿಯ ಮನೆಗೇ ಹೋಗುತ್ತಾರೆ. ಕೈ ಹೊಲಿಯುತ್ತಿದ್ದರೆ ಅವಳ ಬಾಯಿ ಸುಮ್ಮನಿರುವುದಿಲ್ಲ. ನಲವತ್ತು ವರ್ಷದಿಂದ ಹೇಳುತ್ತ ಬಂದದ್ದು ಒಂದೇ ಕಥೆ, ಅದೂ ಒಂದು ಹಿಂದಿ ಸಿನಿಮಾದ್ದು. ರಾಕ್ಷಸನೊಬ್ಬ ರಾಣಿಯ ಕೂಸನ್ನು ಕದ್ದೊಯ್ಯುತ್ತಾನೆ. ಅವನ ಜೀವ ಏಳು ಸಮುದ್ರದಾಚೆಯ ಗಿಣಿಯಲ್ಲಿದೆ. ರಾಣಿ ಆ ಗಿಣಿಯನ್ನು ಹುಡುಕಿಕೊಂಡು ಹೊರಡುತ್ತಾಳೆ.

ಜೊತೆಗೆ ಕೂತು ಹೊಲಿಯುವ ತಿಪ್ಪವ್ವನಿಗೆ ಇದೆಲ್ಲ ಬಾಯಿಪಾಠ. "ನಮ್ಮವ್ವ ಹೇಳತಿದ್ದ ಕಥೀನ ಇದು. ಹಿಂದಿಯವರು ಜರತಾರಿ ಉಡಿಸ್ಯಾರ, ಅಷ್ಟ," ಎನ್ನುತ್ತಾಳೆ.

ಆದರೆ ಕಾಶೀಂಬಿ ಆ ಸಿನಿಮಾದ ಕೊನೆಯನ್ನು ನೋಡಿರಲೇ ಇಲ್ಲ. ಗಂಡ ಇಸ್ಮಾಯಿಲಸಾಬ ಊರ ಟಾಕೀಜಿನಲ್ಲಿ ಆಪರೇಟರ್ ಆಗಿದ್ದ. ಸೊಸೆ ಸಿನಿಮಾ ನೋಡಿದಳೆಂದರೆ ಅತ್ತೆ ಮನೆಯನ್ನೇ ತಲೆಯ ಮೇಲೆ ಹೊತ್ತುಕೊಳ್ಳುವ ಕಾಲ ಅದು. ಅವನು ಹೆಂಡತಿಯನ್ನು ಹಿಂದಿನ ಮೆಟ್ಟಿಲಿನಿಂದ ಮಷೀನಿನ ಕೋಣೆಗೆ ಹತ್ತಿಸಿ, ಗೋಡೆಯ ಕಿಂಡಿಯಲ್ಲಿ ನೋಡಲು ಬಿಡುತ್ತಿದ್ದ. ದೀಪ ಹತ್ತಿದರೆ ಜನ ನೋಡಿಯಾರೆಂದು ಕೊನೆಯ ರೀಲಿಗೆ ಮೊದಲೇ ಇಳಿಸಿ ಕಳಿಸುತ್ತಿದ್ದ. ಉಳಿದದ್ದನ್ನು ಮನೆಗೆ ಬಂದು ಹೇಳುತ್ತಿದ್ದ.

ಆ ಸಿನಿಮಾ ಬಂದದ್ದು ಅವರ ಮೊದಲ ಮಗಳು, ಏಳು ತಿಂಗಳ ಫರ್ಜಾನಾ, ಜ್ವರದಿಂದ ತೀರಿಕೊಂಡ ತಿಂಗಳಲ್ಲಿ. ಮಣ್ಣು ಕೊಟ್ಟು ಬಂದ ಮರುದಿನವೇ ಇಸ್ಮಾಯಿಲಸಾಬ ಕೆಲಸಕ್ಕೆ ಹೋಗಿದ್ದ, ಒಂದು ಹನಿ ಕಣ್ಣೀರು ಹಾಕಿರಲಿಲ್ಲ. ಗಂಡಸು ಅಳಬಾರದೆಂದು ಯಾರು ಕಟ್ಟು ಮಾಡಿದರೋ, ಅವರ ಬಾಯಿಗೆ ಮಣ್ಣು ಬೀಳಲಿ. ಕಾಶೀಂಬಿ ಅವನನ್ನು ಕಲ್ಲೆದೆಯವನೆಂದು ಬೈದು, ಅನ್ನ ನೀರು ಬಿಟ್ಟು ಕೂತಿದ್ದಳು. ಅವಳ ಮನಸ್ಸು ಹಗುರಾಗಲೆಂದು ಅವನೇ ಸಿನಿಮಾಕ್ಕೆ ಕರೆದೊಯ್ದ. ಅವತ್ತು ಇಳಿದು ಬಂದವಳು ಗಂಡನ ದಾರಿ ಕಾಯುತ್ತ ಬಾಗಿಲಲ್ಲೇ ಕೂತಳು.

"ಕೂಸು ಸಿಕ್ಕಿತೇನ್ರಿ?"

"ಸಿಕ್ಕಿತು. ಅವ್ವನ ತೊಡಿಮ್ಯಾಲ ಕುಂತು ನಗಾಕತ್ತಿತ್ತು."

ಆಮೇಲೆ ಅವಳು ಒಂದು ರೊಟ್ಟಿ ತಿಂದಳು.

ಇಸ್ಮಾಯಿಲಸಾಬ ತೀರಿಕೊಂಡು ಆರು ವರ್ಷವಾಯಿತು. ಟಾಕೀಜು ಈಗ ಉಳ್ಳಾಗಡ್ಡಿಯ ಗೋದಾಮು. ಮೊನ್ನೆ ಮಧ್ಯಾಹ್ನ ಮೊಮ್ಮಗಳು ನಿಲೋಫರ, "ದಾದಿ, ನಿಮ್ಮ ಸಿನಿಮಾ ಸಿಕ್ಕೇತಿ!" ಎಂದು ಮೊಬೈಲು ಹಿಡಿದುಕೊಂಡು ಓಡಿ ಬಂದಳು.

ಕಾಶೀಂಬಿ ಸೂಜಿ ಬದಿಗಿಟ್ಟಳು. "ಕಡೀದಷ್ಟ ಹಚ್ಚವಾ."

ರಾಣಿ ಗಿಣಿಯ ಕತ್ತು ಮುರಿದಳು. ರಾಕ್ಷಸ ಸತ್ತು ಬಿದ್ದ. ಓಡಿ ಹೋಗಿ ಕೂಸನ್ನು ಎತ್ತಿಕೊಂಡರೆ ಅದಕ್ಕೆ ಉಸಿರಿಲ್ಲ. ಆ ಪಾಪಿ ಕೂಸಿನ ಜೀವವನ್ನೂ ಅದೇ ಗಿಣಿಯಲ್ಲಿ ಇಟ್ಟಿದ್ದ. ರಾಣಿ ಕೂಸನ್ನು ಸೆರಗಿನಲ್ಲಿ ಸುತ್ತಿಕೊಂಡು ಕೂತಳು, ಸಿನಿಮಾ ಮುಗಿಯಿತು.

ತಿಪ್ಪವ್ವ ಸೂಜಿ ಬಿಟ್ಟು ಅವಳ ಹತ್ತಿರ ಸರಿದಳು. "ನೀ ಉಣ್ಲಿ ಅಂತ ಅಣ್ಣಾರು ಸುಳ್ಳ ಹೇಳ್ಯಾರ ಬಿಡಬೇ. ಭಾಳ ಚಲೋ ಮನಷ್ಯಾ," ಎಂದಳು.

ಕಾಶೀಂಬಿ ಅರ್ಧ ಹೊಲಿದ ಕೌದಿಯನ್ನು ಮುಖಕ್ಕೆ ಒತ್ತಿಕೊಂಡು ಅತ್ತಳು.

"ಹದಿನೆಂಟು ದಿನ ಓಡಿತ್ತು ಇದು, ತಿಪ್ಪವ್ವಾ. ದಿನಕ್ಕ ಮೂರು ಆಟ. ನನ್ನ ಕೆಳಗ ಇಳಿಸಿ, ಆ ಕೋಣ್ಯಾಗ ಅವರೊಬ್ಬರ ನಿಂತು ಇದನ್ನ ನೋಡ್ಯಾರ. ನಾ ಮನ್ಯಾಗ ಉಂಡೇನಿ."