ಕಂಬಳಿಯ ಮೂಡಣ ಮೂಲೆ

ಕಳೆದ ವಾರ ಮಳೆಯಲ್ಲಿ ನೆನೆದ ಕುರಿಮಂದೆಯೊಂದು ನಮ್ಮ ಬೀದಿಯಲ್ಲಿ ಹಾದುಹೋಯಿತು. ಜಗುಲಿಯ ಮೇಲೆ ಕೂತು ಅವರೆಕಾಯಿ ಬಿಡಿಸುತ್ತಿದ್ದೆ. ಒದ್ದೆ ಉಣ್ಣೆಯ ವಾಸನೆ, ಅರ್ಧ ಹೊಗೆಯಂತೆ ಅರ್ಧ ಹಳಸಿದ ಹಾಲಿನಂತೆ, ಮೂಗಿಗೆ ತಾಕಿದ್ದೇ ತಡ ನನ್ನ ಕೈ ನಿಂತುಹೋಯಿತು. ಪಕ್ಕದಲ್ಲಿದ್ದ ಮೊಮ್ಮಗಳು ಏನಾಯಿತೆಂದು ಕೇಳಿದಳು. ಏನೂ ಇಲ್ಲವೆಂದೆ. ನಾಲ್ಕು ಜನರ ಮುಂದೆ ಬಾಯಿಬಿಟ್ಟು ಹೇಳುವುದು ನನಗೆ ಎಂದೂ ಬಂದದ್ದಲ್ಲ. ಮಕ್ಕಳೇ, ನಿಮ್ಮ ಮುಂದೆಯೂ ಬರುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ. ಆ ವಾಸನೆ ನನ್ನನ್ನು ಕಾಮಯಗೌಂಡನ್‌ಪಟ್ಟಿಯ ನಮ್ಮ ಹಳೆಯ ಮನೆಯ ಅಟ್ಟದ ಕೆಳಗೆ ತಂದು ನಿಲ್ಲಿಸಿತ್ತು. ಆ ಮನೆ ಈಗಿಲ್ಲ, ಅಟ್ಟವೂ ಇಲ್ಲ. ಆದರೆ ಅಟ್ಟದಿಂದ ಇಳಿದು ಬರುತ್ತಿದ್ದ ಕರಿಕಂಬಳಿಯ ಕತೆ ನಿಮಗೆ ಸೇರಬೇಕಾದದ್ದು.

ನಮ್ಮಜ್ಜ ಊರ ಗೌಡ. ನಮ್ಮವರಲ್ಲಿ ಯಾವ ನ್ಯಾಯವಾಗಲಿ, ಮದುವೆ ಮಾತಾಗಲಿ, ಕಂಬಳಿ ಹಾಸದೆ ನಡೆಯುತ್ತಿರಲಿಲ್ಲ. ಹಾಸಿದ ಕಂಬಳಿಯ ಮೇಲೆ ಕೂತವನು ಸುಳ್ಳು ಹೇಳುವಂತಿಲ್ಲ, ತೀರ್ಮಾನವಾಗುವ ತನಕ ಅದನ್ನು ಯಾರೂ ಎತ್ತುವಂತಿಲ್ಲ. ಆ ಕಂಬಳಿಗೆ ಉಣ್ಣೆ ನೂತದ್ದು ನಮ್ಮಜ್ಜಿ. ಅದನ್ನು ಬೇವಿನೆಲೆಯಲ್ಲಿ ಸುತ್ತಿ ಅಟ್ಟದಲ್ಲಿ ಇಡುತ್ತಿದ್ದವಳೂ, ತಲೆಗೆ ನೀರು ಹಾಕಿಕೊಂಡು ಇಳಿಸಿ ತರುತ್ತಿದ್ದವಳೂ, ಹುಣಸೆಮರದಡಿ ನಾಲ್ಕು ಮೂಲೆ ನೀವಿ ಹಾಸುತ್ತಿದ್ದವಳೂ ಅವಳೇ. ಗೌಡನ ಮನೆಯ ಹಿರಿಯ ಹೆಂಗಸೇ ಅದನ್ನು ಹಾಸಬೇಕೆಂಬುದು ಪದ್ಧತಿ. ಹಾಸಿ, ನಡುವೆ ಒಂದು ಚೊಂಬು ನೀರು ಇಟ್ಟು, ಅವಳು ಹಿಂದೆ ಸರಿದು ಒಳಗೆ ಹೋಗುವಳು. ಆಮೇಲೆ ಗಂಡಸರು ಬಂದು ಕೂರುವರು. ನಾವು ಹೆಣ್ಣುಮಕ್ಕಳು ಬಾಗಿಲ ಸಂದಿನಿಂದ ನೋಡುತ್ತಿದ್ದೆವು.

ಮಲೆಯ ಮೇಲೆ ದೊಡ್ಡ ಅಣೆ ಕಟ್ಟುತ್ತಿದ್ದ ಕಾಲ ಅದು. ಸುಣ್ಣ ಹೊತ್ತ ಗಾಡಿಗಳು ಬತ್ತಲಗುಂಡಿನ ಕಡೆಯಿಂದ ಸಾಲುಗಟ್ಟಿ ಬರುತ್ತಿದ್ದವು. ಅವುಗಳ ಬಿಳಿ ಧೂಳು ನಮ್ಮ ಬೇಲಿಯ ಹೂವಿನ ಮೇಲೂ ಕೂತಿರುತ್ತಿತ್ತು. ನನ್ನ ಅಕ್ಕ ಲಕ್ಕಮ್ಮ ಆಗ ಮೈನೆರೆದು ಎರಡು ಮೂರು ವರ್ಷವಾಗಿದ್ದ, ಏತದ ಮೇಲೆ ಗಂಡಸರ ಸಮಕ್ಕೆ ತುಳಿಯುತ್ತಿದ್ದ ಹುಡುಗಿ. ಅವಳನ್ನು ಕೇಳಲು ಗೂಡಲೂರಿನಿಂದ ನಮ್ಮ ಮಾವ, ಅಂದರೆ ಅವ್ವನ ಅಣ್ಣ, ಬಂದರು. ತಮಗಲ್ಲ, ತಮ್ಮ ಮಗನಿಗೆ. ಮಗನಿಗೆ ಏಳು ವರ್ಷ. ನಿಮಗೆ ನಗು ಬರಬಹುದು. ಆಗ ಯಾರೂ ನಗಲಿಲ್ಲ. ಸೋದರತ್ತೆಯ ಮಗಳ ಮೇಲೆ ಹುಡುಗನಿಗೆ ಹಕ್ಕು, ಅವನು ಎಷ್ಟೇ ಚಿಕ್ಕವನಾಗಿರಲಿ. ನಮ್ಮವರು ತಮಿಳರಂತೆ ಅದನ್ನು ಮುರೈ ಎನ್ನುತ್ತಿದ್ದರು. ಹಿಂದಿನ ಬೀದಿಯ ಸಿದ್ದಕ್ಕ ತನ್ನ ಗಂಡನನ್ನು ಸೊಂಟದ ಮೇಲೆ ಕೂರಿಸಿಕೊಂಡೇ ಬಾವಿಗೆ ಹೋಗುತ್ತಿದ್ದಳು. ಅವನು ಮೀಸೆ ಬಂದು ಗಂಡಸಾಗುವ ಹೊತ್ತಿಗೆ ಸಿದ್ದಕ್ಕನ ತಲೆ ನರೆತಿತ್ತು. ಆ ನಡುವಿನ ವರ್ಷಗಳಲ್ಲಿ ಅಂಥ ಹೆಂಗಸರ ಬಾಳು ಮಾವನ ಮನೆಯಲ್ಲಿ ಹೇಗಿರುತ್ತಿತ್ತೆಂಬುದನ್ನು ಬರೆಯಲು ನನ್ನ ಕೈ ನಾಚುತ್ತದೆ. ದೊಡ್ಡವರಾದ ಮೇಲೆ ನೀವೇ ತಿಳಿದುಕೊಳ್ಳಿ. ಮಾವ ಕೆಟ್ಟವರಲ್ಲ. ಅತ್ತೆ ಹಾಸಿಗೆ ಹಿಡಿದಿದ್ದರು, ಮನೆಗೆ ದುಡಿಯುವ ಹೆಣ್ಣು ಬೇಕಾಗಿತ್ತು, ಅಕ್ಕನ ತೋಳು ಗಟ್ಟಿಯಿತ್ತು. ಅಣ್ಣನಿಗೂ ಮಗಳಿಗೂ ನಡುವೆ ಸಿಕ್ಕಿಬಿದ್ದ ಅವ್ವ ಒಲೆಯ ಮುಂದಿನಿಂದ ಏಳಲೇ ಇಲ್ಲ.

ಸಂಜೆ ಹಿತ್ತಿಲಲ್ಲಿ ಅಜ್ಜಿಯೂ ಅಕ್ಕನೂ ಕದಿರು ತಿರುಗಿಸುತ್ತ ಕೂತಿದ್ದರು. ನಾನು ಉಣ್ಣೆ ಹಿಂಜುತ್ತಿದ್ದೆ. ಅಕ್ಕ ಅಳುತ್ತಾಳೆಂದು ನಾನು ಕಾಯುತ್ತಿದ್ದೆ. ಅವಳು ಅಳಲಿಲ್ಲ.

"ಅವನ ಮೂಗು ಒರಸಿದವಳು ನಾನು. ಅವಂಗೆ ಕತ್ತು ಬಗ್ಗಿಸಿ ತಾಳಿ ಕಟ್ಟುಸ್ಕೊಳ್ಳಾ? ಆಗಾಕಿಲ್ಲ ಅಜ್ಜಿ. ಬಾವಿಗೆ ಬೀಳ್ತೀನಿ ಅಂತ ಹೆದರ್ಸಾಕೂ ಇಲ್ಲ, ಸಾಯಾಕೆ ನಂಗಿಷ್ಟ ಇಲ್ಲ. ಆಗಾಕಿಲ್ಲ, ಅಷ್ಟೆ."

ಅಜ್ಜಿಯ ಕದಿರು ಅವಳ ತೊಡೆಯ ಬಳಿ ತಿರುಗುತ್ತಲೇ ಇತ್ತು. ಕೊನೆಗೆ, ನೂಲು ತೆಳ್ಳಗಾಗುತ್ತಿದೆ, ನೋಡಿಕೊಂಡು ನೂಲು ಎಂದಳು ಅಷ್ಟೆ. ಅಕ್ಕ ನಿರಾಶಳಾದಳು. ಅಜ್ಜಿ ಆಗಲೇ ಏನೋ ನಿಶ್ಚಯಿಸಿದ್ದಳೆಂದು ನಮಗೆ ಹೇಗೆ ತಿಳಿಯಬೇಕು?

ಕಂಬಳಿ ಹಾಸುವ ದಿನ ಗೂಡಲೂರಿನ ಹಿರಿಯರು ಬಂದರು. ಮಾವನ ಹೆಗಲ ಮೇಲೆ ಮದುಮಗ. ಕಣ್ಣಿಗೆ ಜಾರುವ ರುಮಾಲು, ಕೈಯಲ್ಲಿ ಬೆಲ್ಲದುಂಡೆ. ಅಜ್ಜಿ ತಲೆಗೆ ನೀರು ಹಾಕಿಕೊಂಡು ಬಂದು ಕಂಬಳಿ ಹಾಸಿದಳು, ನಾಲ್ಕು ಮೂಲೆ ನೀವಿದಳು, ಚೊಂಬು ಇಟ್ಟಳು. ಆಮೇಲೆ ಹಿಂದೆ ಸರಿಯುವ ಬದಲು ಮೂಡಣ ಮೂಲೆಯಲ್ಲಿ ಕಾಲು ಮಡಿಚಿ ಕೂತು, ಎಲೆಅಡಿಕೆಯ ಚೀಲ ಬಿಚ್ಚಿದಳು. ಮೊದಲು ಯಾರಿಗೂ ಅರ್ಥವಾಗಲಿಲ್ಲ. ಕಾಲು ಹಿಡಿಯಿತೇನೋ ಎಂದುಕೊಂಡರು. ಅಜ್ಜ ಮೆಲ್ಲನೆ, ಆಯಿತಲ್ಲ, ಒಳಗೆ ಹೋಗು ಎಂದರು. ಜಾಗ ಬೇಕಾದಷ್ಟಿದೆ, ನೀವೂ ಕೂತುಕೊಳ್ಳಿ ಎಂದಳು ಅಜ್ಜಿ. ಗೂಡಲೂರಿನ ಹಿರಿಯನೊಬ್ಬ, ಹೆಂಗಸು ಕೂತ ಕಂಬಳಿಯ ಮೇಲೆ ನ್ಯಾಯ ಎಲ್ಲಾದರೂ ಉಂಟಾ ಎಂದು ಗೊಣಗಿದ. ಅಜ್ಜಿ ಅಡಿಕೆ ಕತ್ತರಿಸುವುದನ್ನು ನಿಲ್ಲಿಸಲಿಲ್ಲ.

"ಕೂರಬಾರ್ದು ಅಂದ ಹಿರಿಯ ಯಾರು, ಅವ್ನ ಹೆಸರು ಹೇಳು ತಂಬಿ. ಈಗ್ಲೇ ಎದ್ದೋಗ್ತೀನಿ."

ಹೆಸರು ಯಾರಿಗೂ ಗೊತ್ತಿರಲಿಲ್ಲ. ಯಾರೂ ಹಾಗೆ ಹೇಳಿರಲಿಲ್ಲ. ಯಾವ ಹೆಂಗಸೂ ಕೂತಿರಲಿಲ್ಲ ಅಷ್ಟೆ. ಕಂಬಳಿ ಎತ್ತುವಂತಿಲ್ಲ, ಗೌಡನ ಹೆಂಡತಿಯನ್ನು ಕೈಹಿಡಿದು ಎಬ್ಬಿಸುವಂತಿಲ್ಲ, ಅವಳ ಜೊತೆ ಕೂರಲು ಮನಸ್ಸಿಲ್ಲ. ಅಷ್ಟು ದೊಡ್ಡ ಗಂಡಸರೆಲ್ಲ ಬಿಸಿಲಿನಲ್ಲಿ ಕಾಲು ಬದಲಿಸುತ್ತ ನಿಂತರು. ಹುಣಸೆಯ ನೆರಳು ಸರಿದು ಕಂಬಳಿಯ ಮೇಲೆ ಮಾತ್ರ ಉಳಿಯಿತು. ಬಾಗಿಲ ಹಿಂದೆ ಬೀದಿಯ ಹೆಂಗಸರೆಲ್ಲ ಸೇರಿಬಿಟ್ಟಿದ್ದರು. ಸಿದ್ದಕ್ಕನೂ ಬಂದಿದ್ದಳು, ಸೆರಗು ಬಾಯಿಗಿಟ್ಟುಕೊಂಡು.

ಆ ಗಂಟು ಬಿಡಿಸಿದವನು ಮದುಮಗನೇ. ಎಲೆಚೀಲದಿಂದ ಅಜ್ಜಿ ಒಂದು ಚೂರು ಕಲ್ಲುಸಕ್ಕರೆ ತೆಗೆದದ್ದನ್ನು ಅವನು ನೋಡಿದ. ಮಾವನ ಹೆಗಲಿಂದ ಜಾರಿ ಇಳಿದು, ನೇರ ಹೋಗಿ ಅಜ್ಜಿಯ ತೊಡೆಯ ಮೇಲೆ ಕೂತ. ಯಾರೋ ಒಬ್ಬರು ನಕ್ಕರು. ಮತ್ತೊಬ್ಬರು ನಕ್ಕರು. ಗಂಡಿನ ಕಡೆಯವನೇ ಕೂತ ಮೇಲೆ ಇನ್ನೇನು ಎನ್ನುತ್ತ ಅಜ್ಜ ಕೂತರು, ಅವರ ಹಿಂದೆ ಎಲ್ಲರೂ ಕೂತರು. ಅಜ್ಜ ಅಕ್ಕನನ್ನು ಹೊಸಿಲಿಗೆ ಕರೆದು ಅವಳ ಮಾತೇನೆಂದು ಕೇಳಿದರು. ಹೆಣ್ಣನ್ನು ಹಾಗೆ ಕೇಳಿದ್ದು ನಮ್ಮೂರಲ್ಲಿ ಅದೇ ಮೊದಲು.

"ಅವ ನಂಗೆ ತಮ್ಮ ಇದ್ದಂಗೆ. ಬೇಕಾದ್ರೆ ಎತ್ಕೊಂತೀನಿ. ಕಟ್ಕೊಳ್ಳಾಕಿಲ್ಲ," ಎಂದಳು ಅಕ್ಕ.

ಮಾವನ ಮುಖ ಕಪ್ಪಿಟ್ಟಿತು. ಮುರೈ ಕಳೆದುಕೊಂಡು ಊರಿಗೆ ಹೇಗೆ ಹಿಂದಿರುಗಲಿ ಎಂದು ಕೇಳಿದರು. ಆಗ ಅಜ್ಜಿ ಹುಡುಗನ ರುಮಾಲು ಸರಿಮಾಡುತ್ತ ಹೇಳಿದ ಮಾತು ನನಗೆ ಅಕ್ಷರಶಃ ನೆನಪಿದೆ, ಏಕೆಂದರೆ ಅದು ನನ್ನ ಕುರಿತ ಮಾತು.

"ಮುರೈ ಇಲ್ಲ ಅಂತ ನಾ ಹೇಳಾಕಿಲ್ಲ. ಇವನ ಅಳತೆಗೆ ನಮ್ಮನೇಲಿ ಇನ್ನೊಂದು ಹೆಣ್ಣದೆ. ಇವ ಇಲ್ಲೇ ಇದ್ದು ಓದ್ಲಿ, ಇವನ ಪಕ್ಕದಲ್ಲೇ ಅವಳೂ ಓದ್ಲಿ. ಬೆಳೆದ ಮ್ಯಾಲೆ ಅವಳನ್ನ ಇದೇ ಮೂಲೇಲಿ ಕೂರಿಸಿ ಕೇಳಿ. ಬ್ಯಾಡ ಅಂದ್ರೆ ಬ್ಯಾಡ."

ಮಾವ ಒಪ್ಪಿ, ಹುಡುಗನನ್ನು ನಮ್ಮ ಮನೆಯಲ್ಲೇ ಬಿಟ್ಟು ಹೋದರು. ಆ ದಿನ ನನ್ನನ್ನು ಯಾರೂ ಕೇಳಲಿಲ್ಲ. ನಾನು ಕಾಳು ತುಂಬಿಡುವ ಕುದುರಿನ ಹಿಂದೆ ಅಡಗಿದ್ದೆ. ಅಕ್ಕನನ್ನು ಬಿಡಿಸಲು ನನ್ನನ್ನು ಒಡ್ಡಿದಳೇ ಎಂದು ಎಷ್ಟೋ ದಿನ ಅಜ್ಜಿಯ ಮೇಲೆ ಮುನಿಸಿಕೊಂಡಿದ್ದೆ. ಆದರೆ ಆ ಮುನಿಸಿನಲ್ಲೇ ಜಗುಲಿಯ ಮಠಕ್ಕೆ ಹೋಗಿ ಮರಳಿನ ಮೇಲೆ ಬೆರಳೂರಿ ತಮಿಳಿನ ಮೊದಲ ಅಕ್ಷರ ತಿದ್ದಿದೆ. ಗಂಡುಮಕ್ಕಳ ನಡುವೆ ಒಬ್ಬಳೇ ಹೆಣ್ಣು. ವಾದ್ಯಾರು ನನ್ನ ಕಡೆ ನೋಡದೆಯೇ ಪಾಠ ಹೇಳುತ್ತಿದ್ದರು. ಪಕ್ಕದಲ್ಲಿ ಮೂಗು ಸುರಿಸುವ ಆ ಹುಡುಗ ನನ್ನ ಮರಳು ನೋಡಿಯೇ ಬರೆಯುತ್ತಿದ್ದ. ಅಕ್ಕ ಎರಡು ವರ್ಷ ಕಾದು, ಬತ್ತಲಗುಂಡಿನ ಗಾಡಿಯವನೊಬ್ಬನನ್ನು ತಾನೇ ಒಪ್ಪಿ ಮದುವೆಯಾದಳು. ಹಬ್ಬಕ್ಕೆ ಬರುವಾಗ ಎತ್ತಿನ ಹಗ್ಗ ಅವಳ ಕೈಯಲ್ಲೇ ಇರುತ್ತಿತ್ತು; ಭಾವ ಹಿಂದೆ ಹುಲ್ಲಿನ ಮೇಲೆ ಮಲಗಿರುತ್ತಿದ್ದರು. ಮಲೆಜ್ವರದ ವರ್ಷ ಅವಳು ತೀರಿಹೋದಳು. ಆ ಎತ್ತುಗಳ ಗಂಟೆಯ ಸದ್ದು ಆಮೇಲೆ ನಾನು ಬೇರೆಲ್ಲೂ ಕೇಳಲಿಲ್ಲ.

ನನ್ನನ್ನು ಕೇಳುವ ದಿನ ಬಂದಾಗ ಅಜ್ಜಿಯೂ ಇರಲಿಲ್ಲ. ಕಂಬಳಿ ಹಾಸಿದವಳು ಅವ್ವ. ಮೂಡಣ ಮೂಲೆಯನ್ನು ಗಂಡಸರು ತಾವಾಗಿಯೇ ಬಿಟ್ಟು ಕೂತಿದ್ದರು. ಅಲ್ಲಿ ಕೂತೆ. ಅಂಗೈಗೆ ಉಣ್ಣೆ ಒರಟಾಗಿ ತಾಕಿತು, ಬೇವಿನ ವಾಸನೆ ಬಂತು. ಅಜ್ಜ, ಮುದಿದನಿಯಲ್ಲಿ, ನಿನ್ನ ಮಾತೇನು ಎಂದರು. ಹುಣಸೆಮರಕ್ಕೆ ಒರಗಿ ನಿಂತಿದ್ದ ಹುಡುಗನಿಗೆ ಆಗ ಮೀಸೆ ಮೂಡಿತ್ತು. ನನಗಿಂತ ಹೆಚ್ಚು ಅವನೇ ಹೆದರಿದ್ದ. ನನ್ನ ಬಾಯಿಂದ ಮಾತು ಹೊರಡಲಿಲ್ಲ. ಅಷ್ಟು ಜನ ಗಂಡಸರು ಸುಮ್ಮನೆ ಕಾದರು. ನಾಚಿಕೆಯವಳೆಂದು ನನ್ನ ಪರವಾಗಿ ಯಾರೂ ಉತ್ತರ ಕೊಡಲಿಲ್ಲ. ಆಗ ನನಗೆ ಅಜ್ಜಿ ನನ್ನನ್ನು ಒಡ್ಡಿರಲಿಲ್ಲವೆಂದು ತಿಳಿಯಿತು. ನನ್ನ ಮಾತಿಗೆ ಎಲ್ಲರೂ ಕಾಯುವ ಈ ಹೊತ್ತನ್ನು ನನಗಾಗಿ ಕೂಡಿಟ್ಟು ಹೋಗಿದ್ದಳು. ಬೇಡವೆನ್ನಬಹುದಾಗಿತ್ತು. ಆಗಲಿ ಎಂದೆ.

ಆ ಹುಡುಗ ನಿಮ್ಮ ತಾತ. ಅವರ ಹೆಸರನ್ನು ನಾನು ಬಾಯಿಂದ ಹೇಳಿಲ್ಲ, ಇಲ್ಲೂ ಬರೆಯುವುದಿಲ್ಲ. ಮನೆಯಲ್ಲಾಡುವ ಈ ಕನ್ನಡಕ್ಕೂ ಅಕ್ಷರವಿದೆಯೆಂದು ತಿಳಿದು ಮೈಸೂರು ಕಡೆಯಿಂದ ಪುಸ್ತಕ ತರಿಸಿದವರು ಅವರೇ. ಇಬ್ಬರೂ ಒಂದೇ ದೀಪದಡಿ ಕೂತು ಕಲಿತೆವು. ಆಗಲೂ ಅವರು ನನ್ನದನ್ನು ನೋಡಿಯೇ ಬರೆಯುತ್ತಿದ್ದರು.

ಮನೆ ಪಾಲಾದಾಗ ಕಂಬಳಿಯನ್ನು ನುಸಿ ತಿಂದಿತ್ತು. ಬೇರೆಯವರು ಹಿತ್ತಾಳೆ, ಹಸು ಎಂದು ಮಾತಾಡುತ್ತಿರುವಾಗ ನಾನು ಆ ಮೂಡಣ ಮೂಲೆಯೊಂದನ್ನು ಕತ್ತರಿಸಿ ತಂದೆ. ಒಬ್ಬರು ಕೂರುವಷ್ಟಿದೆ. ಒತ್ತಿ ಕೂತರೆ ಇಬ್ಬರು. ಅದರ ಮೇಲೆ ಕೂತೇ ಇದನ್ನು ಬರೆದೆ. ಬಾಗಿಲಲ್ಲಿ ಮೊಮ್ಮಗಳ ನೆರಳು ಕಾಣುತ್ತಿದೆ, ಸರಿದು ಕೂರುತ್ತೇನೆ.