ಹನ್ನೊಂದು ದಿನ ಕಾಣದ ಮೇಲ್

ಲಿಫ್ಟ್ ರಿಪೇರಿ ಕಂಪನಿಗೆ ಸೇರಿದ ಹೊಸದರಲ್ಲಿ ಶಿಸ್ತಪ್ಪ ಒಬ್ಬ ಗ್ರಾಹಕರ ಸೌಜನ್ಯಕ್ಕೆ ಮಾರುಹೋಗಿದ್ದ. ಮೇಲ್ ಕಳಿಸಿದ ಮರುಕ್ಷಣವೇ 'ನಿಮ್ಮ ಸಂದೇಶ ತಲುಪಿದೆ, ಧನ್ಯವಾದ' ಎಂಬ ಉತ್ತರ. ಇವನೂ ಬಿಡದೆ 'ತಮಗೂ ಧನ್ಯವಾದ ಸರ್' ಎಂದು ಬರೆದ. ನಾಲ್ಕು ಸುತ್ತು ಹೀಗೇ ನಡೆದ ಮೇಲೆ, ದೂರುಗಳ ಮೇಲ್ ನೋಡಿಕೊಳ್ಳುವ ಅಕ್ಕ ಕನ್ನಡಕದ ಮೇಲಿಂದ ಇಣುಕಿ, "ಅದು ಮನುಷ್ಯ ಅಲ್ಲ ಕಣಪ್ಪ, ಮಷೀನು. ನೀನು ನಿಲ್ಲಿಸೋ ತನಕ ಅದೂ ನಿಲ್ಲಿಸಲ್ಲ," ಎಂದಿದ್ದರು. ಮೇಜಿನ ಮೇಲಿನ ಪೆನ್ಸಿಲ್‌ಗಳನ್ನೂ ಉದ್ದಳತೆ ನೋಡಿ ಜೋಡಿಸುವವನಿಗೆ ಶಿಸ್ತಪ್ಪ ಎಂದು ಹೆಸರಿಟ್ಟವರೂ ಅವರೇ.

ಅಕ್ಕನಿಗೆ ಆ ಕುರ್ಚಿಯಲ್ಲಿ ಇಪ್ಪತ್ತೆರಡು ವರ್ಷ. ಮಂಡಿ ನೋವಿದ್ದರೂ ಮೂರು ಮಹಡಿ ಮೆಟ್ಟಿಲು ಹತ್ತಿಯೇ ಬರುವವರು. "ಲಿಫ್ಟ್ ಕಂಪನಿಯವರೇ ಲಿಫ್ಟ್ ಹತ್ತಲ್ವಾ?" ಎಂದು ಕೆಣಕಿದರೆ, "ದೂರು ಓದೋಳು ನಾನು ತಾನೇ," ಎನ್ನುವರು. ಯಾರು ಯಾವ ದಿನ ಬರೆದರೆಂದು ನೋಟ್‌ಪುಸ್ತಕದಲ್ಲಿ ಗೀಟು ಎಳೆಯುವುದು ಅವರ ರೂಢಿ. ಕಂಪ್ಯೂಟರ್ ಎದುರಿಗೇ ಪೆನ್ನು ಹಿಡಿಯುವುದನ್ನು ಕಂಡು ಶಿಸ್ತಪ್ಪನಿಗೆ ಒಳಗೊಳಗೇ ನಗು.

ಅಂದು ಬೆಳಿಗ್ಗೆ ಅವರ ಬೆರಳು ಒಂದು ಖಾಲಿ ಸಾಲಿನ ಮೇಲೆ ನಿಂತಿತು.

"ಆ ಒಂಬತ್ತು ಅಂತಸ್ತಿನ ಕಟ್ಟಡದ ವಾಚ್‌ಮನ್ ಹನ್ನೊಂದು ದಿನದಿಂದ ಬರೆದಿಲ್ಲ."

"ಒಳ್ಳೇದಾಯ್ತಲ್ಲ ಅಕ್ಕ. ಬಲ್ಬು, ಫ್ಯಾನು ಅಂತ ದಿನಾ ತಲೆ ತಿಂತಿದ್ದ."

"ಸುಮ್ಮನಿರೋ ಆಸಾಮಿ ಅಲ್ಲ ಅವನು. ಹುಡುಕು."

ಸ್ಪ್ಯಾಮ್ ನೋಡಿದ, ಇಲ್ಲ. ಅಳಿಸಿದವುಗಳಲ್ಲಿ ನೋಡಿದ, ಇಲ್ಲ. ವಾಚ್‌ಮನ್ನನ ವಿಳಾಸ ಹಾಕಿ ಎಲ್ಲ ಫೋಲ್ಡರ್‌ಗಳಲ್ಲೂ ಹುಡುಕಿದಾಗ ಹನ್ನೊಂದು ಮೇಲ್‌ಗಳು ಸಾಲಾಗಿ ಎದ್ದು ಬಂದವು. ಎಲ್ಲವೂ 'ಜಾಹೀರಾತು' ಫೋಲ್ಡರಿನಲ್ಲಿ, ಎಲ್ಲದಕ್ಕೂ ಓದಿದ ಗುರುತು. ಲಿಫ್ಟ್ ಎಳೆಯುವ ಉಕ್ಕಿನ ವೈರ್ ರೋಪ್ ಮಾರುವವರ ಕಾಟ ತಾಳದೆ, 'ರೋಪ್' ಎಂಬ ಮಾತಿರುವ ಮೇಲ್ ಓದಿದ ಗುರುತು ಹೊತ್ತು ನೇರ ಅಲ್ಲಿಗೇ ಹೋಗಲಿ ಎಂದು ಎರಡು ವಾರದ ಹಿಂದೆ ನಿಯಮ ಹಾಕಿದವನು ಶಿಸ್ತಪ್ಪನೇ. ಬಲ್ಬಿನ ದೂರಿಗೆ ದಾರಿ ತೆರೆದೇ ಇತ್ತು. ದೂರು ರೋಪಿಗೆ ಬಂದ ದಿನದಿಂದ ವಾಚ್‌ಮನ್ ಮಾಯವಾಗಿದ್ದ.

ಮೊದಲನೆಯದು: 'ರೋಪ್ ಸದ್ದು ಮಾಡುತ್ತಿದೆ.' ಐದನೆಯದು: 'ರೋಪಿನ ಎಳೆ ಬಿಚ್ಚಿಕೊಂಡಿದೆ.' ಅಂದು ಬೆಳಗಿನದು: 'ರೋಪ್ ದೂರು ತಲುಪಿದೆ ಎಂದು ದಿನಾ ಉತ್ತರ ಬರುತ್ತಿದೆ. ಧನ್ಯವಾದ ಸರ್. ಯಾವಾಗ ಬರುತ್ತೀರಿ?'

ಆ ಉತ್ತರ ತಾನಾಗಿ ಹೋಗುವಂತೆ ಮಾಡಿಟ್ಟವನೂ ಶಿಸ್ತಪ್ಪನೇ.

ಅಕ್ಕ ಆಗಲೇ ಫೋನ್ ಮಾಡಿ ಸ್ಪೀಕರಿಗೆ ಹಾಕಿದ್ದರು. "ಲಿಫ್ಟ್ ಓಡ್ತಿದೆಯೇನಪ್ಪ?"

"ಈಗಷ್ಟೇ ಮೇಲೆ ಹೋಯ್ತಮ್ಮ," ಎಂದ ವಾಚ್‌ಮನ್. "ನಾಲ್ಕು ಜನ ಇದಾರೆ."

"ಅವರು ಹೊರಗೆ ಬಂದ ಕೂಡಲೇ ಮೇನ್ ಸ್ವಿಚ್ ಇಳಿಸು. ಫೋನ್ ಇಡಬೇಡ."

ಆ ಕಡೆಯಿಂದ ಕರಕರ ಸದ್ದು ಕೇಳುತ್ತಿತ್ತು. ಅದು ನಿಂತಿತು. ಬಾಗಿಲು ತೆರೆದದ್ದು ಮಾತ್ರ ಕೇಳಿಸಲಿಲ್ಲ. ಅಕ್ಕನ ಪೆನ್ನು ಉರುಳಿ ಕೆಳಗೆ ಬಿತ್ತು, ಯಾರೂ ಎತ್ತಿಕೊಳ್ಳಲಿಲ್ಲ.

"ಬಂದ್ರಮ್ಮ," ಎಂದಿತು ಧ್ವನಿ, ಎಷ್ಟೋ ಹೊತ್ತಿನ ಮೇಲೆ. "ನಾಲ್ಕೂ ಜನ ಬಂದ್ರು. ಸ್ವಿಚ್ ಇಳಿಸಿದೆ."

ಸಂಜೆ ಮೆಕ್ಯಾನಿಕ್ ಒಂದು ಗೇಣು ರೋಪ್ ಕತ್ತರಿಸಿ ತಂದು ಮೇಜಿನ ಮೇಲಿಟ್ಟು ಹೋದ. ಮುಕ್ಕಾಲು ಪಾಲು ಎಳೆಗಳು ಹರಿದು ಮುಳ್ಳಿನಂತೆ ಸೆಟೆದಿದ್ದವು. ಶಿಸ್ತಪ್ಪ ಅದನ್ನು ಪೆನ್ಸಿಲ್‌ಗಳ ಪಕ್ಕಕ್ಕೆ ನೇರವಾಗಿ ಜೋಡಿಸಿ, ಮತ್ತೆ ದೂರ ಸರಿಸಿದ.

"ಅಕ್ಕಾ, ಆ ನಾಲ್ಕು ಜನಕ್ಕೇನಾದ್ರೂ ಆಗಿದ್ದಿದ್ರೆ, ನೀವು ನನ್ನ ಹೆಸರು ಹೇಳ್ತಿದ್ರಾ?"

ಅಕ್ಕ ನೋಟ್‌ಪುಸ್ತಕ ತೆರೆದು ಹನ್ನೊಂದು ಗೀಟು ಎಳೆದು ಮುಗಿಸಿದರು.

"ಹೇಳ್ತಿದ್ದೆ."