ಹೊಲಿಗೆ ಮಾತ್ರ ಉಳಿದ ಅಂಗಿ

ಚರ್ರನೆ ಬಟ್ಟೆ ಹರಿಯುವ ಸದ್ದು. ಹೊಲಿಗೆಯಕ್ಕನ ಅಂಗಡಿಯಿಂದ ಅದು ಕೇಳಿಬಂದರೆ ಓಣಿಯವರು ಈಗ ತಲೆಯೆತ್ತುವುದಿಲ್ಲ. ಮೊದಮೊದಲು ತಮ್ಮ ಬಟ್ಟೆಯೇ ಹೋಯಿತೆಂದು ಎದ್ದುಬಿದ್ದು ಓಡಿಬಂದವರುಂಟು. ಅವಳು ಹರಿಯುತ್ತಿದ್ದದ್ದು ಕತ್ತರಿಸಿ ಉಳಿದ ಹತ್ತಿಬಟ್ಟೆಯ ಚೂರುಗಳನ್ನು, ಹಿತ್ತಲ ಗೊಬ್ಬರದ ಗುಂಡಿಗೆ ಹಾಕಲು.

ಅಂಗಡಿಯೆಂದರೆ ಮನೆಯ ಮುಂದಿನ ಕೋಣೆ. ಕಿಟಕಿಯ ಪಕ್ಕ ಯಂತ್ರ, ಮೊಳೆಗಳಿಗೆ ನೇತುಬಿದ್ದ ಅರೆಹೊಲಿದ ಅಂಗಿಗಳು, ನೆಲದ ತುಂಬ ದಾರದ ತುಣುಕು. ಹಿಂಬಾಗಿಲು ತೆಗೆದರೆ ಹಿತ್ತಲು, ಅದರ ಮೂಲೆಯಲ್ಲಿ ತೀರಿಕೊಂಡ ಗಂಡ ನೆಟ್ಟ ನಿಂಬೆಗಿಡ. ಅದು ಕಾಯಿ ಬಿಡುವುದನ್ನು ನಿಲ್ಲಿಸಿ ಬಹಳ ಕಾಲವಾಗಿತ್ತು. ಎಲೆಗಳು ಹಳದಿಯಾಗಿ ಉದುರಿ, ಮುಳ್ಳು ಮಾತ್ರ ಚೂಪಾಗಿಯೇ ಇತ್ತು.

"ಅತ್ತಿಗೆ, ಈ ಮುಳ್ಳಿನ ಕಂಬಾನ ಕಡಿದುಬಿಡೋಣ," ಎಂದ ಮೈದುನ. "ನನ್ನ ಸ್ಕೂಟರಿಗಾದ್ರೂ ಜಾಗ ಆಗತ್ತೆ. ಬೀದಿ ಬಿಸಿಲಿಗೆ ಸೀಟು ಹರಿದುಹೋಗ್ತಿದೆ."

"ಸೀಟು ನಾನು ಹೊಲಿದುಕೊಡ್ತೀನಿ."

"ಗಿಡಾನೂ ಹೊಲಿತೀರಾ?"

"ಮಳೆಗಾಲ ಮುಗಿಯೋವರೆಗೆ ತಡಿ. ಚಿಗುರಲಿಲ್ಲ ಅಂದ್ರೆ ಕೊಡಲಿ ನಾನೇ ತಂದುಕೊಡ್ತೀನಿ."

ಮಾತು ಕೊಟ್ಟವಳು ಅವತ್ತೇ ಗಿಡಕ್ಕೆ ಗೊಬ್ಬರ ಮಾಡಲೆಂದು ಆ ಗುಂಡಿ ತೋಡಲು ಕೂತಳು. ಓಣಿಯವರು ಗುಡಿಸಿ ಸುಡುತ್ತಿದ್ದ ತರಗೆಲೆ, ಅಡುಗೆಮನೆಯ ಸಿಪ್ಪೆ, ಹತ್ತಿಯ ಚಿಂದಿ ಎಲ್ಲ ಅದರೊಳಗೆ ಸೇರಿದವು. ನೆಲ ಒರೆಸಲೂ ಬಾರದಷ್ಟು ಸವೆದಿದ್ದ ಗಂಡನ ಅಂಗಿಯನ್ನು ಹರಿಯಲು ಮಾತ್ರ ಕೈ ಬರಲಿಲ್ಲ. ಇಡಿಯಾಗಿ ಮಡಿಸಿ ತಳದಲ್ಲಿಟ್ಟಳು.

ಕೆಲವು ದಿನ ಕಳೆದು ಕೈಯಿಟ್ಟು ನೋಡಿದರೆ ರಾಶಿ ಬೆಚ್ಚಗಿತ್ತು, ಜ್ವರ ಬಂದ ಮಗುವಿನ ಹಣೆಯಂತೆ. ಗಿರಾಕಿಗಳನ್ನು ವಾರಗಟ್ಟಲೆ ಕಾಯಿಸುವವಳಿಗೆ ತಾನು ಕಾಯಲಾಗಲಿಲ್ಲ. ಅರೆಕೊಳೆತದ್ದನ್ನೇ ಬುಟ್ಟಿಯಲ್ಲಿ ಹೊತ್ತು ನಿಂಬೆಯ ಬುಡದ ಮಣ್ಣಿಗೆ ಬೆರೆಸಿಬಿಟ್ಟಳು.

ಗಿಡ ಇನ್ನಷ್ಟು ಹಳದಿಯಾಯಿತು. ಕೊಳೆಸುವ ಜೀವಿಗಳಿಗೂ ಹೊಟ್ಟೆಯಿದೆ. ಕಣ್ಣಿಗೆ ಕಾಣದ ಅವು ಎಲೆಯನ್ನು ಅರಗಿಸುವವರೆಗೆ ಸುತ್ತಲಿನ ಮಣ್ಣಿನ ಸಾರವನ್ನೂ ತಾವೇ ಉಣ್ಣುತ್ತವೆ. ಅವುಗಳ ಊಟ ಮುಗಿದು, ಅವೂ ಮಣ್ಣಾಗತೊಡಗಿದ ಮೇಲೆ ಗಿಡದ ಸರದಿ.

"ಬೇಯೋಕೆ ಮುಂಚೆನೇ ಬಡಿಸಿದೀಯಲ್ಲೇ," ಎಂದರು ಅತ್ತೆ, ಬಾಗಿಲಲ್ಲಿ ನಿಂತು.

"ನಿಮ್ಮ ಸೊಸೆ ಅಲ್ವಾ ಅತ್ತೆ, ಆತುರ ನಿಮ್ಮಿಂದಾನೇ ಕಲ್ತಿದ್ದು," ಎನ್ನುತ್ತಲೇ ಅವಳು ಬುಡ ಬಿಡಿಸಿ, ಹಾಕಿದ್ದನ್ನೆಲ್ಲ ಹೆಕ್ಕಿ ಮತ್ತೆ ಗುಂಡಿಗೆ ಸುರಿದಳು.

ಈ ಸಲ ಕಾದಳು. ಆಗಾಗ ಮಗುಚಿದಳು, ಒಣಗಿದರೆ ನೀರು ಚಿಮುಕಿಸಿದಳು. ನಿಧಾನವಾಗಿ ಬಿಸಿ ಆರಿತು. ಸಿಪ್ಪೆ ಯಾವುದು, ಎಲೆ ಯಾವುದು ಎಂದು ಗುರುತೇ ಸಿಗದಂತಾಯಿತು. ರಾಶಿಯಿಂದ ಕಾಡಿನ ನೆಲದ ವಾಸನೆ ಬಂದ ದಿನ ತಳದವರೆಗೆ ಬಗೆದಳು. ಬೆರಳಿಗೆ ಏನೋ ತೊಡರಿತು. ಎತ್ತಿದರೆ ಕಾಲರಿನ ಅಂಚು, ತೋಳಿನ ಪಟ್ಟಿ, ಗುಂಡಿಗಳ ಸಾಲು. ನಡುವೆ ಬಟ್ಟೆಯೇ ಇಲ್ಲ. ಬಾಳಿಕೆ ಬರಲೆಂದು ಅವಳೇ ಪಾಲಿಯೆಸ್ಟರ್ ದಾರದಲ್ಲಿ ಹೊಲಿದಿದ್ದಳು. ಅಂಗಿ ಮಣ್ಣಾಗಿತ್ತು, ಹೊಲಿಗೆ ಉಳಿದಿತ್ತು.

ಸ್ವಲ್ಪ ಹೊತ್ತು ಅದನ್ನು ಬೆಳಕಿಗೆ ಹಿಡಿದಿದ್ದಳು. ಆಮೇಲೆ ದಾರವನ್ನು ಬೆರಳಿಗೆ ಸುತ್ತಿ ತೆಗೆದಿಟ್ಟು, ಕಪ್ಪು ಮಣ್ಣನ್ನು ಬೊಗಸೆ ಬೊಗಸೆಯಾಗಿ ನಿಂಬೆಯ ಬುಡಕ್ಕೆ ಹರಡಿದಳು.

ಮಳೆಗಾಲ ಮುಗಿಯಿತು. ಮೈದುನ ತೋಳು ಮಡಿಸಿಕೊಂಡು ಬಂದ. "ಅತ್ತಿಗೆ, ಕೊಡಲಿ?"

"ಅಲ್ಲೇ ಒರಗಿಸಿಟ್ಟಿದೀನಿ. ತಗೊಳ್ಳೋಕೆ ಮುಂಚೆ ಆ ಕೊಂಬೆ ನೋಡು."

ಅವನು ಬಗ್ಗಿದ. ಕೊಂಬೆಯ ಸಂದಿಯಲ್ಲಿ ಉಗುರಿನಷ್ಟು ಕೆಂಪು ಚಿಗುರು. ಪಕ್ಕದಲ್ಲಿ ಇನ್ನೊಂದು. ಅದರ ಮೇಲೂ.

"ಹಾಗಾದ್ರೆ ನನ್ನ ಸ್ಕೂಟರ್?"

"ನೆರಳಲ್ಲಿ ನಿಲ್ಲಿಸು."

"ಈ ಚಿಗುರು ನೆರಳು ಕೊಡೋದು ಯಾವಾಗ, ನನ್ನ ಸೀಟು..."

ಓಣಿಯ ತುದಿಯಲ್ಲಿ ಯಾರೋ ತರಗೆಲೆ ಗುಡ್ಡೆ ಮಾಡಿ ಬೆಂಕಿಪೊಟ್ಟಣ ಹುಡುಕುತ್ತಿದ್ದರು. ಮೈದುನ ತಿರುಗಿ ನೋಡುವಷ್ಟರಲ್ಲಿ, ಅತ್ತಿಗೆ ಖಾಲಿ ಬುಟ್ಟಿ ಸೊಂಟಕ್ಕಿಟ್ಟುಕೊಂಡು ಅರ್ಧ ಓಣಿ ದಾಟಿದ್ದಳು.